ರಬ್ಬರ್ ಚಾಕುವಿನ ಪಕ್ಕದ ಚೀಟಿ

ಕಳೆದ ವಾರ ಮೊಣಕಾಲು ನೋವಿಗೆಂದು ಹೊಸದೊಂದು ಬಿಸಿನೀರಿನ ಚೀಲ ತರಿಸಿದೆ. ಹೊದಿಕೆ ಹರಿದೊಡನೆ ಹಸಿ ರಬ್ಬರಿನ ವಾಸನೆ ಅಡುಗೆಮನೆ ತುಂಬಿತು. ಮಗಳು ಮೂಗು ಮುಚ್ಚಿಕೊಂಡು, "ಅಮ್ಮಾ, ಓಪನ್ ದ ವಿಂಡೋ, ಪ್ಲೀಸ್" ಎಂದಳು. ನಾನು ತೆಗೆಯಲಿಲ್ಲ. ಪಕ್ಕದ ಮನೆಯ ಸಿಸ್ಟರ್ ಬದುಕಿದ್ದರೆ ಆ ಚೀಲವನ್ನು ಕೈಗೆತ್ತಿಕೊಂಡು ಮೂಸುತ್ತಿದ್ದರು…

ನಾನು ಜಿಪಿಯಾಗಿ, ಅಂದರೆ ಬಡಾವಣೆಯ ಡಾಕ್ಟರಾಗಿ, ಇಂಗ್ಲೆಂಡಿನ ಹಾರ್ಬೋರ್ನ್‌ಗೆ ಬರುವ ಹೊತ್ತಿಗೆ ಅವರು ಆಸ್ಪತ್ರೆಯ ಆಪರೇಷನ್ ಥಿಯೇಟರಿನಲ್ಲಿ ಸಿಸ್ಟರ್ ಆಗಿದ್ದು ನಿವೃತ್ತರಾಗಿದ್ದರು. ಹುಟ್ಟಿ ಬೆಳೆದದ್ದು ಮಲಯದ ರಬ್ಬರ್ ಎಸ್ಟೇಟಿನ ಕೂಲಿ ಲೈನಿನಲ್ಲಿ, ಮನೆಮಾತು ತಮಿಳು. ಮದುವೆಯಾದದ್ದು ಮೈಸೂರಿನವರನ್ನು, ಹಾಗಾಗಿ ಕನ್ನಡ. ಗಂಡ ತೀರಿಕೊಂಡು ಬಹಳ ವರ್ಷಗಳಾಗಿದ್ದವು, ಮಕ್ಕಳಿರಲಿಲ್ಲ. ಶನಿವಾರ ಟಿವಿಡೇಲ್ ದೇವಸ್ಥಾನಕ್ಕೆ ನನ್ನ ಕಾರಿನಲ್ಲೇ ಬರುತ್ತಿದ್ದರು. ದಾರಿಯಲ್ಲೊಂದು ಟೈರ್ ಅಂಗಡಿ. ಅಲ್ಲಿ ಸಿಗ್ನಲ್ ಬಿದ್ದರೆ ಸಾಕು, ಕಿಟಕಿ ಇಳಿಸಿ ಉದ್ದಕ್ಕೆ ಉಸಿರೆಳೆದುಕೊಳ್ಳುವರು. "ಹೂವಿನ ಅಂಗಡಿ ಅಂದ್ಕೊಂಡ್ರಾ ಸಿಸ್ಟರ್?" ಎಂದು ನಾನು ಕಿಚಾಯಿಸುತ್ತಿದ್ದೆ. "ನಮ್ಮಮ್ಮನ ಸೀರೆ ಹೀಗೇ ವಾಸನೆ ಬರ್ತಿತ್ತು" ಎನ್ನುತ್ತಿದ್ದರು.

ಆ ತಾಯಿ ಬೆಳಕು ಹರಿಯುವ ಮೊದಲೇ ತೋಟದಲ್ಲಿರಬೇಕಿತ್ತಂತೆ, ಬಿಸಿಲೇರಿದರೆ ರಬ್ಬರ್ ಮರದ ಹಾಲು ಬತ್ತುತ್ತದೆ. ತೊಗಟೆಯನ್ನು ಓರೆಯಾಗಿ, ತೆಳ್ಳಗೆ ಕೆತ್ತಿ, ಕೆಳಗೆ ಬಟ್ಟಲು ಸಿಕ್ಕಿಸಿ ಮುಂದಿನ ಮರಕ್ಕೆ ಓಡಬೇಕು. ಚಾಕು ಒಂದು ನೂಲು ಆಳಕ್ಕೆ ಹೋದರೂ ಮರಕ್ಕೆ ಗಾಯ, ಮೇಸ್ತ್ರಿಯಿಂದ ಬೈಗುಳ. ಕೂಸಾಗಿದ್ದ ಸಿಸ್ಟರ್ ಎರಡು ಮರಗಳ ನಡುವೆ ಸೀರೆಯ ಜೋಲಿಯಲ್ಲಿ ಮಲಗಿರುತ್ತಿದ್ದರು. ಆ ಮರಗಳಾದರೂ ಮಲಯದವಲ್ಲ. ಅಮೆಜಾನ್ ಕಾಡಿನ ಬೀಜವನ್ನು ಇದೇ ಇಂಗ್ಲೆಂಡಿಗೆ ತಂದು ಮೊಳೆಸಿ, ಸಸಿಗಳನ್ನು ಹಡಗಿನಲ್ಲಿ ಪೂರ್ವಕ್ಕೆ ಸಾಗಿಸಿ, ಅಲ್ಲಿಯ ಮಳೆಕಾಡನ್ನು ಬೋಳಿಸಿ ಬೆಳೆಸಿದ್ದು. ದುಡಿಯಲು ನಮ್ಮ ದಕ್ಷಿಣದ ಜನ. ಹಾಲು ಹಾಳೆಯಾಗಿ, ಹೊಗೆಯಲ್ಲಿ ಒಣಗಿ, ಈ ಸೀಮೆಯ ಟೈರ್ ಕಾರ್ಖಾನೆಗಳಿಗೆ ಬಂತು. ಲಾಭ ಉಂಡವರು ಇಲ್ಲೇ ದೊಡ್ಡ ಮನೆಗಳನ್ನು ಕಟ್ಟಿಕೊಂಡರು.

ಕೆಲವು ವರ್ಷಗಳ ಹಿಂದೆ ಇಲ್ಲಿಯ ಸಣ್ಣ ಮ್ಯೂಸಿಯಂ ಒಂದು ರಬ್ಬರ್ ವ್ಯಾಪಾರದ ಚರಿತ್ರೆಯ ಬಗ್ಗೆ ಪ್ರದರ್ಶನ ಇಡುತ್ತೇವೆ, ಹಳೆಯ ವಸ್ತುಗಳಿದ್ದರೆ ಕೊಡಿ ಎಂದು ಕೇಳಿತು. ಸಿಸ್ಟರ್ ಬಳಿ ತಾಯಿಯ ಚಾಕು ಇತ್ತು. ಮರದ ಹಿಡಿಯಲ್ಲಿ ಹೆಬ್ಬೆರಳು ಊರಿ ಊರಿ ಗುಳಿ ಬಿದ್ದಿತ್ತು. ಕೊಡಲು ಅವರದು ಒಂದೇ ಷರತ್ತು.

"ಎಸ್ಟೇಟ್ ರಿಜಿಸ್ಟರಲ್ಲಿ ಅಮ್ಮಂಗೆ ಬರೀ ನಂಬರ್. ಎಲ್ಲಾದ್ರೂ ಒಂದ್ಕಡೆ ಅವಳ ಹೆಸರು ಅಚ್ಚಾಗ್ಲಿ ಡಾಕ್ಟ್ರೇ. ನಂಗಷ್ಟೇ ಸಾಕು."

ಅವರಿಗೆ ಕಂಪ್ಯೂಟರ್ ಒಗ್ಗುತ್ತಿರಲಿಲ್ಲ. ಅವರ ಮನೆಯಲ್ಲೇ ಕೂತು ಫಾರಂ ತುಂಬಿದವಳು ನಾನು. ಅವರು ತಾಯಿಯ ಹೆಸರು ಹೇಳಿದರು, ಟೈಪ್ ಮಾಡಿದೆ. ಅದರ ಮುಂದೆಯೇ ಸರ್‌ನೇಮ್ ಎಂಬ ಖಾನೆ. ನಮ್ಮ ಕಡೆಯ ಎಷ್ಟೋ ಜನರಂತೆ ಆ ತಾಯಿಗೆ ಇದ್ದದ್ದು ಒಂದೇ ಹೆಸರು. ಖಾಲಿ ಬಿಟ್ಟರೆ ಫಾರಂ ಮುಂದೆ ಹೋಗಲೊಲ್ಲದು, ಕೆಂಪಕ್ಷರದಲ್ಲಿ ಗದರುತ್ತದೆ. ಈ ದೇಶಕ್ಕೆ ಬಂದ ಹೊಸದರಲ್ಲಿ ನಾನೂ ಇಂಥದೇ ಖಾನೆಗೆ ಅಪ್ಪನ ಹೆಸರು ತುರುಕಿ ಪಾರಾಗಿದ್ದೆ. ಆ ತಾಯಿಗಾಗಿ ಅಷ್ಟೂ ಮಾಡಲಿಲ್ಲ. ಸಿಸ್ಟರ್ ಚಹಾ ಮಾಡಲು ಒಳಗೆ ಹೋಗಿದ್ದರು, ನನಗೆ ಕ್ಲಿನಿಕ್ಕಿಗೆ ಹೊತ್ತಾಗಿತ್ತು. ಹೆಸರನ್ನೇ ಅಳಿಸಿ, ಕೆಳಗಿದ್ದ 'ತಿಳಿದಿಲ್ಲ' ಎಂಬುದನ್ನು ಒತ್ತಿ ಕಳಿಸಿಬಿಟ್ಟೆ. ಆಮೇಲೆ ಇ-ಮೇಲ್ ಮಾಡಿದರಾಯಿತು ಎಂದುಕೊಂಡೆ. ಮಾಡಲಿಲ್ಲ.

ಪ್ರದರ್ಶನದ ಮೊದಲ ದಿನ ಸಿಸ್ಟರ್ ರೇಷ್ಮೆ ಸೀರೆಯ ಮೇಲೆ ಕೋಟು ಹಾಕಿಕೊಂಡು ಹೊರಟರು. ಗಾಜಿನ ಪೆಟ್ಟಿಗೆಯಲ್ಲಿ ಒಬ್ಬ ಎಸ್ಟೇಟ್ ದೊರೆಯ ಟೋಪಿ ಇತ್ತು. ಅದರ ಚೀಟಿಯಲ್ಲಿ ಅವನ ಮಾರುದ್ದದ ಹೆಸರು, ಓದಿದ ಶಾಲೆ, ಸಾಕಿದ ನಾಯಿಯ ಹೆಸರು ಸಹ. ಪಕ್ಕದಲ್ಲೇ ಚಾಕು. ಮಲಯದ ರಬ್ಬರ್ ಚಾಕು, ಬಳಸಿದವರು ಯಾರೆಂದು ತಿಳಿದಿಲ್ಲ ಎಂದಿತ್ತು.

ಸಿಸ್ಟರ್ ಕನ್ನಡಕ ಸರಿಮಾಡಿಕೊಂಡು ಎರಡು ಸಲ ಓದಿದರು. "ತಿಳಿದಿಲ್ವಂತೆ… ಮಗಳು ನಾನು ಇಲ್ಲೇ ನಿಂತಿದೀನಲ್ಲ. ಕೇಳಿದ್ರೆ ಹೇಳ್ತಿರ್ಲಿಲ್ವಾ?"

ಆಗಲಾದರೂ ಬಾಯಿ ಬಿಡಬಹುದಿತ್ತು. "ಇವ್ರ ಬುದ್ಧಿನೇ ಇಷ್ಟು, ಬಿಡಿ ಸಿಸ್ಟರ್. ನಾನು ಮಾತಾಡಿ ಸರಿ ಮಾಡಿಸ್ತೀನಿ" ಎಂದೆ. ನನ್ನ ತಪ್ಪನ್ನು ಬಿಳಿಯರ ತಲೆಗೆ ಕಟ್ಟಿದೆ. ಅವರ ಚರಿತ್ರೆ ನೋಡಿದರೆ ಯಾರಾದರೂ ನಂಬುವಂಥದೇ, ಸಿಸ್ಟರೂ ನಂಬಿದರು. ಆಮೇಲೆ ಎಷ್ಟೋ ಶನಿವಾರ ಕಾರು ಹತ್ತಿದ ಕೂಡಲೇ, "ಸರಿ ಮಾಡಿದ್ರಂತಾ?" ಎಂದು ಕೇಳುತ್ತಿದ್ದರು. ನಾನು ಡ್ಯೂಟಿ ರೋಟಾ, ಫ್ಲೂ ಕ್ಲಿನಿಕ್ ಎಂದು ಏನಾದರೊಂದು ನೆಪ ಹೇಳುತ್ತಿದ್ದೆ. ಮ್ಯೂಸಿಯಂಗೆ ಬರೆದರೆ ಯಾರ ತಪ್ಪೆಂದು ಹೊರಬೀಳುತ್ತಿತ್ತು, ನಿಜವಾದ ಕಾರಣ ಅದು. ಕೊನೆಕೊನೆಗೆ ಅವರು ಕೇಳುವುದನ್ನು ಬಿಟ್ಟರು. ಮುಂದಿನ ಚಳಿಗಾಲದಲ್ಲಿ ನ್ಯುಮೋನಿಯಾ ಆಗಿ ಹೋಗಿಬಿಟ್ಟರು…

ಮೊನ್ನೆ ಆ ಮ್ಯೂಸಿಯಂಗೆ ಹೊಸದಾಗಿ ಸೇರಿದ ಅಧಿಕಾರಿಯೊಬ್ಬಳು ನನಗೆ ಬರೆದಿದ್ದಾಳೆ. ಹಳೆಯ ಚೀಟಿಗಳನ್ನೆಲ್ಲ ತಿದ್ದುತ್ತಿದ್ದಾರಂತೆ. ಫಾರಂನಲ್ಲಿ ನನ್ನ ಇ-ಮೇಲ್ ಇತ್ತಂತೆ. ಚಾಕು ಬಳಸಿದವರ ಹೆಸರು ಗೊತ್ತಿದ್ದರೆ ದಯವಿಟ್ಟು ತಿಳಿಸಿ, ಒಂದೇ ಹೆಸರಾದರೂ ಸಾಕು ಎಂದಿದ್ದಾಳೆ.

ಮೂರು ದಿನದಿಂದ ನೆನಪಿಸಿಕೊಳ್ಳುತ್ತಿದ್ದೇನೆ. 'ಮ'ದಿಂದ ಶುರುವಾಗುತ್ತಿತ್ತೇ… 'ಅಮ್ಮಾಳ್' ಎಂದು ಮುಗಿಯುತ್ತಿತ್ತೇ… ಸಿಸ್ಟರ್ ಅದನ್ನು ಒಂದೊಂದೇ ಅಕ್ಷರ ಬಿಡಿಸಿ ಹೇಳಿದ್ದು, ನಾನು ಟೈಪ್ ಮಾಡಿದ್ದನ್ನು ಬಗ್ಗಿ ನೋಡಿ ತಲೆಯಾಡಿಸಿದ್ದು ಕಣ್ಣಿಗೆ ಕಟ್ಟಿದಂತಿದೆ. ಹೆಸರು ಮಾತ್ರ ಬರುತ್ತಿಲ್ಲ. ದೇವಸ್ಥಾನದಲ್ಲಿ ಹಳಬರನ್ನು ಕೇಳಿದೆ, ಸಿಸ್ಟರ್ ಗೊತ್ತು, ಅವರ ತಾಯಿ ನಮಗೆಲ್ಲಿ ಗೊತ್ತು ಎಂದರು. ಆ ಹೆಸರು ಗೊತ್ತಿದ್ದವರು ಈ ದೇಶದಲ್ಲಿ ನಾವಿಬ್ಬರೇ. ಸಿಸ್ಟರ್ ಸತ್ತರು, ನಾನು ಮರೆತೆ.