ತಿಮ್ಮಪ್ಪನವರ ನೂರಾ ಹದಿನಾಲ್ಕು ಹಲಗೆಗಳು

2025ನೇ ಇಸವಿ ಫೆಬ್ರವರಿ ಹನ್ನೊಂದನೇ ತಾರೀಕು, ಮಂಗಳವಾರ, ಮೂಡಿಗೆರೆ ತಾಲ್ಲೂಕಿನ ಬಾಣದಗುಡ್ಡ ಪ್ಲಾಂಟರ್ಸ್ ಕ್ಲಬ್ಬಿನ ನೃತ್ಯಾಂಗಣದ ತೇಗದ ನೆಲವನ್ನು ಕಿತ್ತುಹಾಕಲಾಯಿತು. ಹಲಗೆಗಳ ಸಂಖ್ಯೆ ನೂರಾ ಹದಿನಾಲ್ಕು. ಆಡಳಿತ ಸಮಿತಿಯ ನಡಾವಳಿಯಲ್ಲಿ ‘ಸುಮಾರು ನೂರು’ ಎಂದು ಬರೆದಿರುವುದು ತಪ್ಪು. ‘ಕಲೆಬಿದ್ದ ಹಳೆಯ ಹಲಗೆಗಳು’ ಎಂದು ಬರೆದಿರುವುದು ಅದಕ್ಕಿಂತ ದೊಡ್ಡ ತಪ್ಪು. ಆರತಕ್ಷತೆಗಳಿಗೆ ಹೊಳೆಯುವ ಟೈಲ್ಸ್ ಬೇಕೆಂಬುದು ಸಮಿತಿಯ ವಾದ. ಆ ನೆಲವನ್ನು ನಲವತ್ತೊಂದು ವರ್ಷ ನೋಡಿಕೊಂಡ ತಿಮ್ಮಪ್ಪನವರಿಗೆ ಒಂದು ಮಾತು ತಿಳಿಸಬೇಕೆಂದು ಯಾರಿಗೂ ತೋಚಲಿಲ್ಲ.

ತಿಮ್ಮಪ್ಪನವರಿಗೆ ಈಗ ಎಪ್ಪತ್ತೈದು ವರ್ಷ. ಮೂರು ಎಕರೆ ಕಾಫಿಯ ಮನೆಯಲ್ಲಿ ಹುಟ್ಟಿದವರು. ಚಿಕ್ಕಂದಿನಲ್ಲಿ ಅವರ ಪಾಲಿಗೆ ಬಂದ ಕೆಲಸವೆಂದರೆ, ಕಣದಲ್ಲಿ ಒಣಹಾಕಿದ ಕಾಫಿಯನ್ನು ಬರಿಗಾಲಿನಲ್ಲಿ ತಿರುವುವುದು. ಪಾದ ಎತ್ತಿ ಇಟ್ಟರೆ ಬೀಜದ ಮೇಲಿನ ಪಾರ್ಚ್‌ಮೆಂಟ್ ಸಿಪ್ಪೆ ಒಡೆಯುತ್ತದೆ. ಆದುದರಿಂದ ಎತ್ತಬಾರದು, ಸರಿಸಬೇಕು. ಬೆರಳು ಕಾಫಿಯನ್ನು ಸೀಳಿಕೊಂಡು ಹೋಗಬೇಕು, ಹಿಮ್ಮಡಿ ಅದರ ಹಿಂದೆ ಜಾರಿ ಬರಬೇಕು. ಯಾವ ಮೂಲೆ ಒಣಗಿದೆ, ಯಾವ ಮೂಲೆಯಲ್ಲಿ ಇನ್ನೂ ಹಸಿಯಿದೆ ಎಂಬುದನ್ನು ಅವರು ಕಣ್ಣಿನಿಂದಲ್ಲ, ಅಂಗಾಲಿನಿಂದ ತಿಳಿಯುತ್ತಿದ್ದರು. 1972ರಲ್ಲಿ ಈ ನಡಿಗೆಯನ್ನು ಕಂಡ ಕ್ಲಬ್ಬಿನ ಅಂದಿನ ಸೆಕ್ರೆಟರಿ, ನೃತ್ಯದ ನೆಲಕ್ಕೆ ಇಂಥವನೇ ಬೇಕೆಂದು ಅವರನ್ನು ಕೆಲಸಕ್ಕೆ ಕರೆದರು.

ಪ್ರತಿ ಶನಿವಾರ ತಿಮ್ಮಪ್ಪನವರು ಹಲಗೆಗಳಿಗೆ ತೆಳ್ಳಗೆ ಜೇನುಮೇಣ ಹಚ್ಚಿ, ಪಾದಗಳಿಗೆ ಕಂಬಳಿಯ ತುಂಡು ಕಟ್ಟಿಕೊಂಡು, ಕಣದಲ್ಲಿ ಕಲಿತ ಅದೇ ನಡಿಗೆಯಲ್ಲಿ ಈ ಗೋಡೆಯಿಂದ ಆ ಗೋಡೆಗೆ ಜಾರುತ್ತ ಹೊಳಪು ತರುತ್ತಿದ್ದರು. 1984ರಲ್ಲಿ ಅಲ್ಲಿ ಮಕ್ಕಳಿಗೆ ಬ್ಯಾಲೆ, ಜಾಜ್ ನೃತ್ಯ ಕಲಿಸಲು ಬಂದವರು ಮೂಡಿಗೆರೆಯ ಬಟ್ಟೆ ಅಂಗಡಿಯವರ ಮಗಳು ಸರ್ವಮಂಗಳಾ. ಮೊದಲ ದಿನವೇ ಅವರು ತಿಮ್ಮಪ್ಪನವರನ್ನು ತೋರಿಸಿ, “ನೋಡ್ಕೊಳ್ರೇ, ಕಾಲು ಸರಿಸೋದು ಅಂದ್ರೆ ಅದು. ನೀವು ಕುದುರೆ ತರ ದಡಬಡ ಅಂತೀರಿ,” ಎಂದು ಮಕ್ಕಳನ್ನು ಗದರಿದರಂತೆ.

ಪಾಠದ ನಡುವೆ ಟೀಚರ್ ಹೇಳುತ್ತಿದ್ದ ಚರಿತ್ರೆಯನ್ನು ತಿಮ್ಮಪ್ಪನವರು ಬಾಗಿಲ ಬಳಿ ನಿಂತು ಕೇಳುತ್ತಿದ್ದರು. ಬ್ಯಾಲೆ ಇಟಲಿಯ ಅರಮನೆಗಳಲ್ಲಿ ಹುಟ್ಟಿ ಫ್ರಾನ್ಸಿನ ಆಸ್ಥಾನದಲ್ಲಿ ಬೆಳೆಯಿತು. ಸ್ವತಃ ಕುಣಿಯುತ್ತಿದ್ದ ದೊರೆಯೊಬ್ಬ 1661ರಲ್ಲಿ ಅದಕ್ಕೆ ಅಕಾಡೆಮಿಯನ್ನೇ ಕಟ್ಟಿದ. ಜಾಜ್ ನೃತ್ಯದ ಬೇರು ಅರಮನೆಯಲ್ಲಿಲ್ಲ. ಗುಲಾಮರಾಗಿ ಅಮೆರಿಕಕ್ಕೆ ಸಾಗಿಸಲ್ಪಟ್ಟ ಆಫ್ರಿಕಾದ ಜನರ ಹೆಜ್ಜೆಗಳಲ್ಲಿದೆ. ಇದನ್ನೆಲ್ಲ ಕೇಳಿದ ತಿಮ್ಮಪ್ಪನವರು ಒಂದು ದಿನ ಹೇಳಿದರು: “ಟೀಚರ್, ಬ್ಯಾಲೆಯವ್ರು ನೆಲ ಬಿಟ್ಟು ಹೋಗೋಕೆ ನೋಡ್ತಾರೆ. ಜಾಜ್‌ನವ್ರು ನೆಲದ ಹತ್ರ ಮಾತಾಡ್ತಾರೆ. ಇಬ್ರದ್ದೂ ಗುರುತು ಈ ಹಲಗೆ ಮೇಲೆ ಉಂಟು.”

ಉತ್ಪ್ರೇಕ್ಷೆಯಲ್ಲ. ಕಿಟಕಿಯ ಪಕ್ಕದ ಹಲಗೆಗಳಲ್ಲಿ ಬ್ಯಾಲೆ ಪಾದರಕ್ಷೆಗೆ ಹಚ್ಚುವ ರಾಳದ ಸಣ್ಣ ಸಣ್ಣ ಗಂಟುಗಳಿದ್ದವು. ಗೋಡೆಗಳಿಗೆ ಹೊಂದಿಕೊಂಡು, ಮೂರೆಣಿಕೆಯ ವಾಲ್ಟ್ಜ್ ನೃತ್ಯದ ಜೋಡಿಗಳು 1931ರಿಂದ ಅಪ್ರದಕ್ಷಿಣವಾಗಿ ಸುತ್ತಿ ಸುತ್ತಿ ಸವೆಸಿದ ಮೊಟ್ಟೆಯಾಕಾರದ ದಾರಿಯಿತ್ತು. ಪಿಯಾನೋದ ಎದುರು ಜಾಜ್ ಕುಣಿದ ಹಿಮ್ಮಡಿಗಳ ಕುಳಿಗಳು. ಸಮಿತಿ ‘ಕಲೆ’ ಎಂದು ಬರೆದದ್ದು ಇದನ್ನು.

ಇನ್ನೊಂದು ಗುರುತಿತ್ತು. ಅದನ್ನು ಬಲ್ಲವರು ಇಬ್ಬರೇ.

ಹನ್ನೆರಡನೇ ತಾರೀಕು ಬೆಳಿಗ್ಗೆ ಸರ್ವಮಂಗಳಾ ಫೋನ್ ಮಾಡಿ ಸುದ್ದಿ ಹೇಳಿದಾಗ, ತಿಮ್ಮಪ್ಪನವರು ಕಾಫಿ ಲೋಟವನ್ನು ಕೆಳಗಿಟ್ಟು ಕೇಳಿದ ಮೊದಲ ಪ್ರಶ್ನೆ, “ಅರವತ್ತಮೂರನೇ ಹಲಗೆ ಎಲ್ಲುಂಟು?”

“ಅಯ್ಯೋ, ಎಂತ ಆಯ್ತು ಇವ್ರಿಗೆ,” ಎಂದರು ಪತ್ನಿ ಶಂಕರಮ್ಮ. ಮರುಕ್ಷಣ ಅವರಿಗೂ ನೆನಪಾಗಿ, ಸೆರಗು ಸರಿಪಡಿಸಿಕೊಂಡು ತಾವೂ ಹೊರಟರು.

ಕ್ಲಬ್ಬಿನ ಹಿತ್ತಲಲ್ಲಿ ಹಲಗೆಗಳು ಒಂದರ ಮೇಲೊಂದು ಬಿದ್ದಿದ್ದವು. ಸೌದೆಗೆ ಒಯ್ಯಲು ಭಾನುವಾರ ಲಾರಿ ಬರುವುದಿತ್ತು. ಈಗಿನ ಸೆಕ್ರೆಟರಿ ರಾಜೀವ್ ಕೆಟ್ಟ ಮನುಷ್ಯರಲ್ಲ, ಅವಸರದವರು.

“ಬೇಜಾರ್ ಮಾಡ್ಕೋಬೇಡಿ ತಿಮ್ಮಪ್ಪಣ್ಣ. ವಾಪಸ್ ಹಾಕ್ಸೋಣ ಅಂದ್ರೂ ಯಾವ್ದು ಎಲ್ಲಿತ್ತು ಅಂತ ಯಾರಿಗ್ ಗೊತ್ತು? ಒಂದಕ್ಕೊಂದು ಕೂರಲ್ಲ. ಎಲ್ಲಾ ಒಂದೇ ತರ ಕಾಣ್ತವೆ.”

“ನಿಮ್ಗೆ ಒಂದೇ ತರ ಕಾಣ್ತವೆ. ನಂಗೆ ಕಣ್ಣಲ್ಲಿ ಪೊರೆ ಬಂದು ಒಂದೂ ಕಾಣಲ್ಲ. ಚಪ್ಪಲಿ ಬಿಡೋಕೆ ಜಾಗ ತೋರ್ಸಿ ಮಾರಾಯ್ರೆ.”

ತೋಟದ ಇಬ್ಬರು ಆಳುಗಳು ಒಂದೊಂದೇ ಹಲಗೆಯನ್ನು ಬ್ಯಾಡ್ಮಿಂಟನ್ ಅಂಗಣದಲ್ಲಿ ಇಟ್ಟರು. ತಿಮ್ಮಪ್ಪನವರು ಅದರ ಮೇಲೆ ಪಾದವೆತ್ತದೆ ಉದ್ದಕ್ಕೆ ಸರಿದು, ಅದರ ಜಾಗ ಹೇಳಿದರು. ಸರ್ವಮಂಗಳಾ ಸೀಮೆಸುಣ್ಣದಲ್ಲಿ ಸಂಖ್ಯೆ ಬರೆದರು. ಎರಡನೆಯ ದಿನ ಊಟದ ಹೊತ್ತಿನಲ್ಲಿ ರಾಜೀವ್, ಪರೀಕ್ಷಿಸುವ ಸಲುವಾಗಿ, ಎರಡು ಹಲಗೆಗಳನ್ನು ಅದಲುಬದಲು ಮಾಡಿಸಿದರು. ಸಂಖ್ಯೆಯನ್ನೂ ಅಳಿಸಿ ಬರೆದರು. ಊಟ ಮುಗಿಸಿ ಬಂದ ತಿಮ್ಮಪ್ಪನವರು ನಾಲ್ಕು ಹೆಜ್ಜೆ ಸರಿದು ನಿಂತರು.

“ಇದು ವಾಲ್ಟ್ಜ್ ತಿರುಗೋ ಮೂಲೇದು. ಜಾಜ್‌ನವ್ರ ಮಧ್ಯೆ ಇದಕ್ಕೆಂತ ಕೆಲ್ಸ? ಯಾರೋ ದೊಡ್ಡೋರೇ ಆಟ ಆಡಿದಾರೆ.”

ರಾಜೀವ್ ಮುಖ ಕೆಂಪಾಯಿತು. ಅಲ್ಲಿಂದಲೇ ಫೋನ್ ಮಾಡಿ ಲಾರಿ ಬೇಡವೆಂದರು.

ಶನಿವಾರ ಸಂಜೆಗೆ ನೂರಾ ಹದಿಮೂರು ಹಲಗೆಗಳು ಸಾಲಾಗಿ ಮಲಗಿದ್ದವು. ಅರವತ್ತಮೂರನೆಯ ಜಾಗ ಮಾತ್ರ ಖಾಲಿ.

“ಒಂದ್ ಹಲಗೆ ತಾನೇ, ಹೊಸದು ಮಾಡ್ಸಿದ್ರಾಯ್ತು,” ಎಂದರು ರಾಜೀವ್.

ತಿಮ್ಮಪ್ಪನವರು ಕಟ್ಟಡದ ಸುತ್ತ ನಡೆದರು. ನೃತ್ಯಾಂಗಣದ ಮೆಟ್ಟಿಲಿಗೆ, ಸಿಮೆಂಟಿನ ಕೈಗಾಡಿ ಏರಲೆಂದು, ಹಲಗೆಯೊಂದನ್ನು ಓರೆಯಾಗಿ ಇಟ್ಟಿದ್ದರು. ಅವರು ಅದರ ಮೇಲೆ ಕಾಲಿಟ್ಟರು. ನಡುವೆ ಬಂದು ನಿಂತುಬಿಟ್ಟರು. ಆಮೇಲೆ ಕುಕ್ಕರಗಾಲಿನಲ್ಲಿ ಕುಳಿತು ಪಂಚೆಯ ಅಂಚಿನಿಂದ ಸಿಮೆಂಟು ಒರೆಸತೊಡಗಿದರು. ಅರ್ಧ ಬೆರಳುದ್ದದ ಗೀರು ಕಾಣಿಸಿತು.

“ಇದೆಂತದು?” ಎಂದು ರಾಜೀವ್ ಕೇಳಿದರು.

ತಿಮ್ಮಪ್ಪನವರು ಎದ್ದು ನಿಂತರು. “ಸೆಕ್ರೆಟ್ರಿಯವ್ರೆ, ನಾನೊಂದು ತಪ್ಪು ಮಾಡಿದೀನಿ. ನಿಯಮ ಹತ್ತೊಂಬತ್ತು. ನೌಕರರ ಮನೆಯವ್ರು ಡ್ಯಾನ್ಸ್ ನೆಲ ತುಳೀಬಾರ್ದು. 1979ನೇ ಇಸ್ವಿ ಜುಲೈ, ಮಳೆಗೆ ಕ್ಲಬ್ ಮುಚ್ಚಿತ್ತು. ಇವಳು ಬುತ್ತಿ ತಂದಿದ್ಲು. ಕುಣಿಯೋಕೆ ನಾನೇ ಕರ್ದೆ.”

“ಕರೆದ್ರು ಎಂತ, ಕೈ ಹಿಡ್ದು ಎಳೆದ್ರು,” ಎಂದರು ಶಂಕರಮ್ಮ. “ಕಾಲುಂಗುರ ತಾಗುತ್ತೆ ಅಂತ ನಾನು ಆವತ್ತೇ ಹೇಳ್ದೆ. ಕೇಳಿದ್ರಾ? ‘ವನ್, ಟೂ, ತ್ರೀ’ ಅಂತ ಇಂಗ್ಲಿಷ್ ಬೇರೆ.”

“ಗೀರಿಗೆ ಕಾಫಿ ಡಿಕಾಕ್ಷನ್ ಹಚ್ಚಿ, ಮೇಲೆ ಮೇಣ ತುಂಬ್ದೆ. ಯಾರಿಗೂ ಗೊತ್ತಾಗ್ಲಿಲ್ಲ.”

“ನಲವತ್ತಾರು ವರ್ಷ ಆಯ್ತಾ ಬಂತು. ಆಮೇಲೆ ಒಂದ್ಸಲನಾದ್ರೂ ಕರೆದ್ರಾ?”

“ಹೆದ್ರಿಕೆ ಮಾರಾಯ್ತಿ. ಎರಡನೇ ಗೀರಿಗೆ ಜಾಗ ಎಲ್ಲಿ?”

ಶಂಕರಮ್ಮ ಸರ್ವಮಂಗಳಾರ ಭುಜ ಹಿಡಿದು, ನೋಯುವ ಮಂಡಿಯನ್ನು ಮೆಲ್ಲನೆ ಮಡಚಿ, ಬಲಗಾಲನ್ನು ಹಲಗೆಯ ಮೇಲಿಟ್ಟರು. ಬೆಳ್ಳಿಯ ಉಂಗುರ ಗೀರಿನ ಪಕ್ಕಕ್ಕೆ ಬಂತು. ರಾಜೀವ್ ಬೇರೆ ಕಡೆ ನೋಡಿದರು. ಆಮೇಲೆ ಅವರೇ ಹಲಗೆಯ ಒಂದು ತುದಿ ಹಿಡಿದು, ಅದನ್ನು ಖಾಲಿ ಜಾಗಕ್ಕೆ ಹೊತ್ತು ತಂದರು.

ಈಗ ನೂರಾ ಹದಿನಾಲ್ಕು ಹಲಗೆಗಳೂ ಕ್ರಮಸಂಖ್ಯೆಯೊಂದಿಗೆ ಗೋದಾಮಿನಲ್ಲಿವೆ. ನೃತ್ಯಾಂಗಣದಲ್ಲಿ ಟೈಲ್ಸ್ ಇವೆ. ಸೆಕ್ರೆಟರಿಯವರ ಮನಸ್ಸು ಬದಲಾಗಿದೆ. ಸಮಿತಿಯ ನಿರ್ಣಯ ಬದಲಾಗಿಲ್ಲ.

ಆದುದರಿಂದ, ಬಾಣದಗುಡ್ಡ ಪ್ಲಾಂಟರ್ಸ್ ಕ್ಲಬ್ಬಿನ ಅಧ್ಯಕ್ಷರೇ, ಸಮಿತಿಯ ಸದಸ್ಯರೇ: ಮುಂಗಾರಿನ ತೇವಕ್ಕೆ ತೇಗ ಡೊಂಕಾಗುವ ಮುನ್ನ, ಮೇ ಮೂವತ್ತೊಂದರೊಳಗೆ, ಟೈಲ್ಸ್ ತೆಗೆಸಿ ಹಲಗೆಗಳನ್ನು ಅವುಗಳ ಜಾಗದಲ್ಲಿ ಕೂರಿಸಿ. ಒಂದನ್ನೂ ಉಜ್ಜಿಸಬೇಡಿ, ಪಾಲಿಷ್ ಯಂತ್ರ ಮುಟ್ಟಿಸಬೇಡಿ. ಕೆಲಸ ತಿಮ್ಮಪ್ಪನವರ ಪಾದದ ಮಾತಿನಂತೆ ನಡೆಯಲಿ. ನಡಾವಳಿಯಲ್ಲಿ ‘ಸುಮಾರು ನೂರು’ ಎಂಬುದನ್ನು ಹೊಡೆದು ‘ನೂರಾ ಹದಿನಾಲ್ಕು’ ಎಂದು ಬರೆಯಿರಿ. ಹತ್ತೊಂಬತ್ತನೆಯ ನಿಯಮವನ್ನು ರದ್ದುಪಡಿಸಿ. ನೆಲ ಸಿದ್ಧವಾದ ದಿನ ಭಾಷಣಕ್ಕೆ ಮೊದಲು, ರಿಬ್ಬನ್ನಿಗೆ ಮೊದಲು, ತಿಮ್ಮಪ್ಪನವರೂ ಶಂಕರಮ್ಮನವರೂ ಬರಿಗಾಲಿನಲ್ಲಿ ಅದರ ಮೇಲೆ ನಡೆಯಲಿ. ಕಾಲುಂಗುರ ತೆಗೆದಿಡಿ ಎಂದು ಅವರಿಗೆ ಯಾರೂ ಹೇಳಕೂಡದು.