ನಾನು ಬರೆಯದೆ ಬಿಟ್ಟ ಸಮುದ್ರ

ಗೋದಾವರಿಬಾಯಿ ನನ್ನ ಮುಂಗೈಗೆ ಹೊಡೆದದ್ದು ಹದಿನೆಂಟು ಜನರ ಎದುರಿಗೆ. ನನಗಾಗ ನಲವತ್ತಾರು ವರ್ಷ. ಗದಗಿನ ಶಾಲೆ ಬಿಟ್ಟ ಮೇಲೆ ನನ್ನ ಮೇಲೆ ಕೈ ಮಾಡಿದವರು ಯಾರೂ ಇರಲಿಲ್ಲ. ಹೈದರಾಬಾದಿನ ಒಂದು ರಕ್ಷಣಾ ಕಾರ್ಖಾನೆಯಲ್ಲಿ ನನ್ನ ಕೈಕೆಳಗೆ ಮೂವತ್ತು ಜನ ಕೆಲಸ ಮಾಡುತ್ತಾರೆ. ಅವರಲ್ಲಿ ಒಬ್ಬರೂ ನನ್ನೆದುರು ದನಿ ಎತ್ತುವುದಿಲ್ಲ. ಹಾಗಿರುವಾಗ ಅರವತ್ತೆರಡು ವರ್ಷದ, ನನ್ನ ಎದೆಮಟ್ಟಕ್ಕೆ ಬರುವ ಒಬ್ಬ ಹೆಂಗಸು ಚಟ್ಟನೆ ಹೊಡೆದು "ಕೈ ತೆಗೀರಿ" ಅಂದರೆ ಏನಾಗಬೇಕೋ ಅದೇ ಆಯಿತು. ಆ ಸಿಟ್ಟು ಇಳಿಯಲು ನನಗೆ ಒಂದು ವಾರವೇ ಬೇಕಾಯಿತು. ಅವರದು ಇನ್ನೂ ಇಳಿದಿಲ್ಲ.

ಹೋದ ನವೆಂಬರಿನಲ್ಲಿ ಕೊಂಡಾಪುರದ ನಮ್ಮ ಅಪಾರ್ಟ್‌ಮೆಂಟಿನ ಕನ್ನಡದವರು ಒಂದು ದಿನದ ಪ್ರವಾಸ ಗೊತ್ತುಮಾಡಿದರು. ಅಲ್ಲೇ ಎರಡು ರಸ್ತೆ ಆಚೆ ಪ್ರವಾಸದ ಆಫೀಸು ಇಟ್ಟುಕೊಂಡಿದ್ದ ನಿಶಾಂತ ಎಂಬ ತರುಣ ಅದನ್ನು ನಡೆಸುವವನು. ಶುಕ್ರವಾರ ರಾತ್ರಿ ಬಸ್ಸು ಹತ್ತಿ ಮಲಗಿದರೆ ಶನಿವಾರ ಬೆಳಗಾಗುವಾಗ ಆಂಧ್ರದ ಕರಾವಳಿ. ಬೆಳಿಗ್ಗೆ ಮೋಟುಪಲ್ಲಿಯ ಹಳೆಯ ರೇವಿನ ಅವಶೇಷ, ಮಧ್ಯಾಹ್ನ ಸಮುದ್ರದಲ್ಲಿ ಈಜು, ಸಂಜೆ ಚೀರಾಲದ ಪೇಟೆಯಲ್ಲಿ ಸೀರೆ ಖರೀದಿ. ಈಜಿಗೂ ಖರೀದಿಗೂ ಅಮೋಲ್ ಎಂಬುವನು ಜೊತೆಗಿರುತ್ತಾನೆ, ಅವಶೇಷಗಳ ಬಗ್ಗೆ ಹೇಳಲು ಒಬ್ಬ ತಜ್ಞರು ಬರುತ್ತಾರೆ ಎಂದು ನಿಶಾಂತ ಹೇಳಿದ್ದ. ಆ ತಜ್ಞರೇ ಗೋದಾವರಿಬಾಯಿ. ನಿಶಾಂತನ ಚಿಕ್ಕಪ್ಪನ ಹೆಂಡತಿ. ಮಾಸಿದ ನೀಲಿ ಇಳಕಲ್ ಸೀರೆ ಉಟ್ಟು, ಕಾಲಿಗೆ ಕ್ಯಾನ್ವಾಸ್ ಬೂಟು ಹಾಕಿಕೊಂಡಿದ್ದರು. ಮುಂದಿನ ಸೀಟಿನಲ್ಲಿ ಕೂತವರು ಯಾರ ಜೊತೆಗೂ ಮಾತಾಡಲಿಲ್ಲ.

ಬೆಳಿಗ್ಗೆ ಚಹಾಕ್ಕೆ ಬಸ್ಸು ನಿಂತಾಗ ಅಮೋಲ್ ಎಲ್ಲರಿಗೂ ಕರಪತ್ರ ಹಂಚಿದ. ಅದರ ಮೇಲೆ ಕಪ್ಪು ಹಿನ್ನೆಲೆಯಲ್ಲಿ ಬಿಳಿ ಅಕ್ಷರಗಳ ಒಂದು ಶಾಸನದ ಚಿತ್ರವಿತ್ತು. ಗೋದಾವರಿಬಾಯಿ ಅದನ್ನು ನೋಡಿದವರೇ ಚಹಾ ಕೆಳಗಿಟ್ಟು ಫೋನು ತೆಗೆದರು. ಸ್ಪೀಕರ್ ಹಾಕಿಯೇ ಮಾತಾಡುವ ರೂಢಿ ಅವರದು, ನಮಗೆಲ್ಲ ಕೇಳಿಸಿತು.

"ನಿಶಾಂತ, ಇದನ್ನ ಉಲ್ಟಾ ಛಾಪಿಸಿಯಲ್ಲೋ."

"ಏನ ಚಿಗವ್ವ?"

"ಶಾಸನ. ಕನ್ನಡ್ಯಾಗ ನೋಡಿದಂಗ ಐತಿ. ಒಂದ ಅಕ್ಷರನೂ ಓದಾಕ ಬರೂದಿಲ್ಲ."

"ಡಿಸೈನಿಗೆ ಹಂಗ ತಿರುಗಿಸಿರಬೇಕ. ಹೆಂಗೂ ಯಾರ ಓದ್ತಾರ ಬಿಡ."

"ಇದು ನಾ ತಗದದ್ದೋ. ನಾಕನೇ ಸಾಲಿನ್ಯಾಗ ಗಾಳಿಗೆ ಕಾಗದ ಎದ್ದ ಗೀರು ಐತಿ ನೋಡು. ಮೂರು ದಿನಾ ಬಿಸಲಾಗ ಕುಂತೀನಿ ಅದಕ."

ನಿಶಾಂತ ಆಮೇಲೆ ಮಾಡುತ್ತೇನೆ ಎಂದು ಫೋನಿಟ್ಟ. ನಾವು ಕೆಲವರು ನಕ್ಕೆವು. ನಾನೂ ನಕ್ಕೆ. ಅವರು ತಿರುಗಿ ನೋಡಿದರು.

ಅವರು ತೆಗೆದದ್ದು ಅಂದರೆ ಏನು ಎಂದು ನನಗೆ ಆಮೇಲೆ ಹೆಂಡತಿಯಿಂದ ತಿಳಿಯಿತು. ಗಂಡ ವೀರಭದ್ರಪ್ಪ ಶಾಸನಗಳ ನಕಲು ಮಾಡುವ ಒಂದು ಸರಕಾರಿ ಕಚೇರಿಯಲ್ಲಿ ಜವಾನರಾಗಿದ್ದರು. ತೊಂಬತ್ತೊಂದರಲ್ಲಿ ಕಾಮಾಲೆ ಆಗಿ ತೀರಿಕೊಂಡರು. ಅನುಕಂಪದ ಮೇಲೆ ಇಪ್ಪತ್ತೊಂಬತ್ತರ ಹೆಂಡತಿಗೆ ಕೆಲಸ ಸಿಕ್ಕಿತು. ಎರಡು ವರ್ಷ ಅವರಿಂದ ಚಹಾ ಮಾಡಿಸಿದರು. ಅಮರಯ್ಯ ಎಂಬ ಹಿರಿಯರು ಒಂದು ದಿನ ಕೈಗೆ ಬ್ರಷ್ ಕೊಟ್ಟು ಕಲಿಸಿದರು. ಕಲ್ಲು ತೊಳೆದು, ಒದ್ದೆ ಕಾಗದ ಹೊದಿಸಿ, ಅಕ್ಷರದ ತಗ್ಗಿನೊಳಗೆ ಕಾಗದ ಇಳಿಯುವವರೆಗೆ ಬ್ರಷ್‌ನಿಂದ ಬಡಿಯಬೇಕು. ಮೇಲೆ ಮಸಿ ಒತ್ತಿದರೆ ತಗ್ಗು ಬಿಳಿಯಾಗಿ ಉಳಿದು ಅಕ್ಷರ ಎದ್ದು ಕಾಣುತ್ತದೆ. ಪಡಿಯಚ್ಚು ಎನ್ನುತ್ತಾರೆ. ಇಪ್ಪತ್ತೊಂಬತ್ತು ವರ್ಷ ಅವರು ಅದನ್ನೇ ಮಾಡಿದರು. ಊರೂರಿನ ಶಾಲೆಯ ಪಡಸಾಲೆಯಲ್ಲಿ ಮಲಗಿದರು. ಹೆಂಗಸು ಗರ್ಭಗುಡಿಯ ಕಂಬ ಮುಟ್ಟಬಾರದು ಎಂದ ಪೂಜಾರಿಗಳ ಜೊತೆ ಜಗಳವಾಡಿದರು. ಅಚ್ಚಾದ ಪುಸ್ತಕಗಳಲ್ಲಿ ಶಾಸನ ಓದಿದ ಅಧಿಕಾರಿಯ ಹೆಸರಿತ್ತು, ಫೋಟೋ ತೆಗೆದವನ ಹೆಸರಿತ್ತು. ಕಾಗದ ಬಡಿದವರ ಹೆಸರು ಒಂದರಲ್ಲೂ ಇರಲಿಲ್ಲ.

ಮೋಟುಪಲ್ಲಿ ಮುಟ್ಟಿದಾಗ ತಡವಾಗಿತ್ತು. ಗುಡಿಯ ಕಂಬದ ಮುಂದೆ ನಿಂತ ಕೂಡಲೇ ಆ ಹೆಂಗಸಿನ ದನಿಯೇ ಬೇರೆಯಾಯಿತು.

"ಇದು ಕಾಕತೀಯರ ಗಣಪತಿದೇವ ಹಾಕಿಸಿದ್ದು. ಸುಮಾರ ಎಂಟನೂರ ವರ್ಷ ಆತು. ಆಗ ಇದು ದೊಡ್ಡ ರೇವು. ಬಿರುಗಾಳಿಗೆ ಸಿಕ್ಕು ಹಡಗ ದಂಡಿಗೆ ಬಂದು ಬಿದ್ದರ ಮೊದಲಿನ ರಾಜರು ಅದರೊಳಗಿನ ಮಾಲೆಲ್ಲಾ ಕಸಗೊಂತಿದ್ರು. ಇನ್ನ ಮ್ಯಾಲೆ ಹಂಗ ಮಾಡೂದಿಲ್ಲ, ನೇಮಿಸಿದ ಸುಂಕ ಬಿಟ್ಟು ಏನೂ ಮುಟ್ಟೂದಿಲ್ಲ, ಅಂಜಬ್ಯಾಡ್ರಿ ಅಂತ ವ್ಯಾಪಾರಸ್ಥರಿಗೆ ಮಾತ ಕೊಟ್ಟಾನ."

ಅಷ್ಟರಲ್ಲಿ ಅಮೋಲ್ ಕೈಗಡಿಯಾರ ತೋರಿಸಿದ. "ಆಂಟಿ, ಜಲ್ದಿ ಮುಗಿಸ್ರಿ. ಬೀಚಿಗೆ ಲೇಟ್ ಆಗ್ತೈತಿ."

"ಒಂದ ತಾಸು ಅಂತ ಬರದೀರಿ. ಇಪ್ಪತ್ತ ಮಿನಿಟ ಆಗಿಲ್ಲ."

"ನಾಷ್ಟಾಕ್ಕ ಹೊತ್ತು ಹೋತಲ್ರಿ."

ಅವರಿಬ್ಬರ ವಾದ ನಡೆದಾಗ ನಾನು ಕಂಬದ ಹತ್ತಿರ ಹೋದೆ. ಸವೆದ ಅಕ್ಷರಗಳು ಫೋಟೋದಲ್ಲಿ ಮೂಡುತ್ತಿರಲಿಲ್ಲ. ನನ್ನ ಹೆಂಡತಿ ದೀಪಾಲಿಯ ಚೀಲದಲ್ಲಿದ್ದ ಪೌಡರ್ ಡಬ್ಬಿ ತೆಗೆದು, ಅಂಗೈಗೆ ಸುರಿದುಕೊಂಡು, ಅಕ್ಷರಗಳ ಮೇಲೆ ತಿಕ್ಕತೊಡಗಿದೆ. ಆಗಲೇ ಪೆಟ್ಟು ಬಿದ್ದದ್ದು. ಡಬ್ಬಿ ನೆಲಕ್ಕೆ ಬಿತ್ತು.

"ಕೈ ತೆಗೀರಿ. ಓದಿದವರು ಕಾಣತೀರಿ. ಕಲ್ಲಿಗೆ ಏನ ಹಚ್ಚಾಕತ್ತೀರಿ ಗೊತ್ತೈತೇನು?"

"ಬರೇ ಪೌಡರ್ ರೀ. ತೊಳದರ ಹೋಗ್ತೈತಿ."

"ತೊಳದು ತೊಳದ ಈ ಕಲ್ಲು ಇಷ್ಟ ಸವದೈತಿ."

ಯಾರೋ ಕಿಸಕ್ಕೆಂದರು. ದೀಪಾಲಿ ನನ್ನ ತೋಳು ಹಿಡಿದು ಎಳೆದಳು. ನಾನು ಅಮೋಲನ ಹತ್ತಿರ ಹೋಗಿ, ಈ ಹೆಂಗಸು ಮಧ್ಯಾಹ್ನ ನನ್ನ ಕಣ್ಣಿಗೆ ಬೀಳಬಾರದು ಅಂದೆ. ಅವನು ಸಮಾಧಾನ ಹೇಳಿದ. ಬಸ್ಸಿನಲ್ಲಿ ನನ್ನ ಕಿವಿ ಉರಿಯುತ್ತಿತ್ತು.

ದಂಡೆಯಲ್ಲಿ ಬಿಸಿಲು ಚೆನ್ನಾಗಿತ್ತು. ಅಮೋಲ್ ತೆಂಗಿನ ನೆರಳಿನಲ್ಲಿ ಕೂತು ಫೋನು ನೋಡತೊಡಗಿದ. ಗೋದಾವರಿಬಾಯಿ ಬಲೆ ಹೊಲಿಯುತ್ತಿದ್ದ ಇಬ್ಬರು ಮೀನುಗಾರರ ಹತ್ತಿರ ಹೋಗಿ ತೆಲುಗಿನಲ್ಲಿ ಏನೋ ಕೇಳಿಕೊಂಡು ಬಂದರು. ಆ ಕೆಲಸ ಅಮೋಲನದು, ಅವನು ಮಾಡಿರಲಿಲ್ಲ.

"ಬಲಗಡೆ ಅಷ್ಟ ಇಳೀರಿ," ಎಂದು ಎಲ್ಲರಿಗೂ ಕೂಗಿ ಹೇಳಿದರು. "ಎಡಕ್ಕ ಹೋಗಬ್ಯಾಡ್ರಿ. ಅಲ್ಲಿ ತೆರಿ ಇಲ್ಲ, ನೀರು ಸುಮ್ಮನೈತಿ ಅಂತ ಅನಸತೈತಿ. ಅಲ್ಲೇ ಒಳಗ ಎಳೀತೈತಿ ಅಂತ."

ನಾನು ಎಡಕ್ಕೆ ಹೋದೆ. ಮರೆತು ಹೋದದ್ದಲ್ಲ, ಅವರು ಬೇಡ ಅಂದರು ಎಂದೇ ಹೋದೆ. ನನಗೆ ಈಜು ಬರುತ್ತದೆ. ಅಪಾರ್ಟ್‌ಮೆಂಟಿನ ಕೊಳದಲ್ಲಿ ವಾರಕ್ಕೆ ಮೂರು ದಿನ ಈಜುತ್ತೇನೆ. ಸೊಂಟದ ಮಟ್ಟದ ನೀರಿನಲ್ಲಿ ಎರಡು ಸಲ ಮುಳುಗೆದ್ದೆ. ಮೂರನೆಯ ಸಲ ಕಾಲಿಗೆ ನೆಲ ಸಿಗಲಿಲ್ಲ.

ದಂಡೆಯ ಕಡೆ ಕೈ ಬೀಸಿದೆ. ಬೀಸಿದಷ್ಟೂ ದಂಡೆ ದೂರವಾಯಿತು. ತೆಂಗಿನ ಮರಗಳು ಸಣ್ಣದಾಗುವುದು ಕಾಣುತ್ತಿತ್ತು. ಬಾಯಿಗೆ ಉಪ್ಪುನೀರು ಹೋಗಿ ಕೆಮ್ಮು ಬಂತು. ಕೂಗಲು ಉಸಿರಿರಲಿಲ್ಲ. ಆಗ ಒಂದು ದನಿ ಕೇಳಿಸಿತು. ಗೋದಾವರಿಬಾಯಿ ಉಟ್ಟ ಸೀರೆಯಲ್ಲೇ ಎದೆಮಟ್ಟದ ನೀರಿಗೆ ಇಳಿದಿದ್ದರು. ಹಿಂದೆ ದೀಪಾಲಿ ಅವರ ಸೆರಗು ಹಿಡಿದಿದ್ದಳು.

"ದಂಡಿ ಕಡೆ ಬರಬ್ಯಾಡ್ರಿ. ಅಡ್ಡ ಈಸರಿ. ಬಲಕ್ಕ, ಬಲಕ್ಕ."

ನನಗೆ ಅರ್ಥವಾಗಲಿಲ್ಲ. ಬದುಕಬೇಕಾದವನು ದಂಡೆ ಬಿಟ್ಟು ಎಲ್ಲಿಗೆ ಹೋಗಬೇಕು?

"ಏ ಮೂರ್ಖ, ಅಡ್ಡ ಈಸೋ."

ಆ ಬೈಗುಳಕ್ಕೆ ಕೈ ತಾನಾಗಿ ತಿರುಗಿತು. ದಂಡೆಗೆ ಸಮವಾಗಿ, ಉಳಿದವರು ಆಡುತ್ತಿದ್ದ ಕಡೆಗೆ ಈಜಿದೆ. ಎಷ್ಟು ಹೊತ್ತೋ ತಿಳಿಯದು. ಎಳೆತ ಸಡಿಲಾಯಿತು, ಹಿಂದಿನಿಂದ ಒಂದು ತೆರೆ ಬಂದು ನೂಕಿತು, ಕಾಲಿಗೆ ಮರಳು ತಾಗಿತು. ತೆವಳಿಕೊಂಡು ಮೇಲೆ ಬಂದೆ.

ಗೋದಾವರಿಬಾಯಿ ಸೀರೆಯ ನೀರು ಹಿಂಡುತ್ತ ಬಂದು ಎದುರಿಗೆ ನಿಂತರು. "ಹೇಳಿದ್ದಿಲ್ಲೇನು ನಾ? ಕಿವಿ ಅದಾವಿಲ್ಲ ನಿಮಗ?" ಆಮೇಲೆ ಅಮೋಲನ ಕಡೆ ತಿರುಗಿದರು. "ನೀ ಫೋನ ನೋಡಕೋತ ಕುಂಡರು. ನಾಳೆ ಹೆಣ ಎಣಿಸೀಯಂತ."

ಬಲಗಡೆ ಆಡುತ್ತಿದ್ದವರಲ್ಲಿ ಕೆಲವರು ಓಡಿಬಂದು ಏನಾಯಿತು ಎಂದು ಕೇಳಿದರು. ಏನೂ ಆಗಿಲ್ಲ, ಸ್ವಲ್ಪ ದೂರ ಈಜಿ ಬಂದೆ, ಇವರು ಸುಮ್ಮನೆ ಗದ್ದಲ ಮಾಡುತ್ತಿದ್ದಾರೆ ಅಂದೆ. ದೀಪಾಲಿ ನನ್ನ ಮುಖವನ್ನೇ ನೋಡಿದಳು.

ಚೀರಾಲದಲ್ಲಿ ಅಮೋಲ್ ನಮ್ಮನ್ನೆಲ್ಲ ಮೂರು ಅಂತಸ್ತಿನ ಒಂದು ಅಂಗಡಿಗೆ ನುಗ್ಗಿಸಿದ. ಗೋದಾವರಿಬಾಯಿ ಒಳಗೆ ಬರಲಿಲ್ಲ. ಬಾಗಿಲಲ್ಲೇ ನಿಂತು, ದೀಪಾಲಿ ಬೆಳಕಿಗೆ ತಂದ ಸೀರೆಯ ಅಂಚು ತಿರುವಿ ನೋಡಿ, "ಇದು ಕೈಮಗ್ಗದ್ದಲ್ಲ ತಂಗಿ. ಹಿಂದಿನ ಗಲ್ಲಿಯೊಳಗ ನೇಯಾವರ ಮನಿ ಅದಾವು, ಬಾ" ಅಂದರು. ಇಬ್ಬರೂ ಹೊರಟರು. ಅಮೋಲ್ ಹಿಂದಿನಿಂದ, "ಮೇಡಂ, ಗ್ರೂಪ್ ಬಿಟ್ಟು ಹೋಗಂಗಿಲ್ಲ" ಎಂದು ಕೂಗಿದ. ದೀಪಾಲಿ ತಿರುಗಿಯೂ ನೋಡಲಿಲ್ಲ.

ನಾನು ಅಂಗಡಿಯ ಮೆಟ್ಟಿಲ ಮೇಲೆ ಒದ್ದೆ ತಲೆಯಲ್ಲಿ ಕೂತು ಫೋನಿನಲ್ಲಿ ವಿಮರ್ಶೆ ಬರೆದೆ. ಗೈಡ್ ಒರಟು ಹೆಂಗಸು, ಸೌಜನ್ಯವಿಲ್ಲ, ಎಲ್ಲರೆದುರು ಪ್ರವಾಸಿಗನ ಮೇಲೆ ಕೈ ಮಾಡಿದ್ದಾಳೆ, ಇಂಥವರನ್ನು ಇಟ್ಟುಕೊಂಡರೆ ಯಾರೂ ಬರುವುದಿಲ್ಲ ಎಂದು ಇಂಗ್ಲಿಷಿನಲ್ಲಿ ಚೊಕ್ಕವಾಗಿ ಬರೆದು ಒಂದೇ ನಕ್ಷತ್ರ ಕೊಟ್ಟೆ. ಬರೆದದ್ದರಲ್ಲಿ ಸುಳ್ಳು ಒಂದೂ ಇರಲಿಲ್ಲ. ಸಮುದ್ರದ ಮಾತು ಮಾತ್ರ ಇರಲಿಲ್ಲ.

ನಾಲ್ಕು ದಿನಕ್ಕೆ ನಿಶಾಂತ ಫೋನು ಮಾಡಿ ಕ್ಷಮೆ ಕೇಳಿದ. "ಚಿಗವ್ವಗ ಇನ್ನ ಬರಬ್ಯಾಡ ಅಂತ ಹೇಳೀನ್ರಿ ಸರ್. ಆಕಿ ಸಿಟ್ಟು ಮನ್ಯಾಗ ಎಲ್ಲಾರಿಗೂ ಗೊತ್ತೈತ್ರಿ." ನನಗೆ ಸಂತೋಷವಾಯಿತು. ಅದನ್ನು ಊಟ ಮಾಡುವಾಗ ದೀಪಾಲಿಗೆ ಹೇಳಿದೆ. ಅವಳು ಫೋನು ಇಸಿದುಕೊಂಡು ನಾನು ಬರೆದದ್ದನ್ನು ಪೂರ್ತಿ ಓದಿದಳು.

"ಸಮುದ್ರದ್ದು ಯಾಕ ಬರೀಲಿಲ್ರಿ?"

"ಅದಕ್ಕೂ ಇದಕ್ಕೂ ಏನ ಸಂಬಂಧ?"

"ನಾ ಅವರ ಸೆರಗ ಹಿಡಕೊಂಡ ನಿಂತಿದ್ದೆ. ನೀವು ಬಂದ ಮ್ಯಾಲೆ ಏನೂ ಆಗಿಲ್ಲ ಅಂದ್ರಿ. ಮಂದಿ ಮುಂದ ನಾಚಿಕಿ ಆಗಿ ಅಂದ್ರಿ ಅಂತ ಸುಮ್ಮನಿದ್ದೆ. ಇದನ್ನ ಕುಂತು, ತಿದ್ದಿ, ಬರದೀರಿ."

ಮದುವೆಯಾಗಿ ಹತ್ತೊಂಬತ್ತು ವರ್ಷದಲ್ಲಿ ಅವಳು ತಟ್ಟೆ ಬಿಟ್ಟು ಎದ್ದದ್ದು ಅದೇ ಮೊದಲು. ಮೂರು ದಿನ ಮನೆಯಲ್ಲಿ ಮಾತಿಲ್ಲ. ನನಗೂ ಸಿಟ್ಟು. ಪೆಟ್ಟು ತಿಂದವನು ನಾನು, ತಪ್ಪಿತಸ್ಥನೂ ನಾನೇ ಆದೆ. ಆದರೆ ಕಾರ್ಖಾನೆಯಲ್ಲಿ ಕೂತಾಗ, ಕೈ ತೊಳೆಯುವಾಗ, ನೀರಿನ ಶಬ್ದ ಕೇಳಿದಾಗ ಕಾಲಕೆಳಗೆ ನೆಲ ಇಲ್ಲದ ಆ ಗಳಿಗೆ ಬರುತ್ತಿತ್ತು. ಭಾನುವಾರ ನಿಶಾಂತನಿಂದ ವಿಳಾಸ ಕೇಳಿ, ಒಂದು ಕಿಲೋ ಸೇಬು ತೆಗೆದುಕೊಂಡು ಗೋದಾವರಿಬಾಯಿಯ ಮನೆಗೆ ಹೊರಟೆ.

ಸುಲ್ತಾನ್ ಬಜಾರಿನಲ್ಲಿ ಬಟ್ಟೆ ಅಂಗಡಿಗಳ ಸಾಲಿನ ಹಿಂದೆ, ಬಳೆ ಅಂಗಡಿಯೊಂದರ ಮೇಲೆ ಎರಡು ಕೋಣೆಯ ಮನೆ. ಮೆಟ್ಟಿಲು ಕಡಿದು. ಬಾಗಿಲು ತೆರೆದ ಗೋದಾವರಿಬಾಯಿ ಒಳಗೆ ಕರೆಯಲಿಲ್ಲ.

"ಸೇಬು ಯಾಕ ತಂದ್ರಿ? ನನಗೇನ ಜಡ್ಡೇನು?"

ನಾನು ಬಾಯಿಪಾಠ ಮಾಡಿಕೊಂಡು ಹೋದ ಮಾತೆಲ್ಲ ಮರೆತೆ. "ತಪ್ಪಾತ್ರಿ. ನಾ ಬರದದ್ದನ್ನ ತಗದ ಹಾಕತೀನ್ರಿ," ಅಂದೆ.

"ಯಾಕ ತಗೀತೀರಿ? ನಾ ಹೊಡದದ್ದು ಖರೆ. ಇನ್ನೊಮ್ಮೆ ಕಲ್ಲಿಗೆ ಪೌಡರ್ ಹಚ್ಚಿದರ ಇನ್ನೊಮ್ಮೆ ಹೊಡೀತೀನಿ. ಅದು ಇರಲಿ. ಉಳದದ್ದ ಬರೀರಿ."

"ಬರೀತೀನ್ರಿ. ನಿಶಾಂತಗೂ ಹೇಳತೀನಿ."

"ಅವಗ ಹೇಳಿ ಏನ ಮಾಡತೀರಿ? ಹೊಸ ಹುಡುಗೀನ ಇಟ್ಟಾನ. ಶಾಸನ ಉಲ್ಟಾ ಐತೋ ಸುಲ್ಟಾ ಐತೋ ಆಕಿಗೆ ತಿಳಿಯೂದಿಲ್ಲ, ಅದಕ ಜಗಳಿಲ್ಲ." ಅವರ ದನಿ ಏರಿತು. "ಇಪ್ಪತ್ತೊಂಬತ್ತ ವರ್ಷ ನಾ ತಗದ ಅಚ್ಚಿನ ಮ್ಯಾಲೆ ಮಂದಿ ಹೆಸರ ಬರಕೊಂಡ್ರು. ಸುಮ್ಮನಿದ್ದೆ, ನೌಕರಿ ಹೋದೀತು ಅಂತ. ಈಗ ನೌಕರಿ ಇಲ್ಲ. ಈಗ್ಯಾಕ ಸುಮ್ಮನಿರಲಿ? ನೀವು ಹೋಗ್ರಿನ್ನ. ಸಾರು ಒಲಿ ಮ್ಯಾಲೈತಿ."

ಸೇಬಿನ ಚೀಲ ಹಿಂದಕ್ಕೆ ಕೊಟ್ಟರು. ಬಾಗಿಲು ಹಾಕಿಕೊಂಡರು.

ಅಂದೇ ಉಳಿದದ್ದನ್ನು ಬರೆದೆ. ಎಡಕ್ಕೆ ಯಾಕೆ ಹೋದೆ, ಯಾರು ಕೂಗಿದರು, ಅಮೋಲ್ ಆಗ ಏನು ಮಾಡುತ್ತಿದ್ದ, ಮೇಲೆ ಬಂದು ಏನು ಸುಳ್ಳು ಹೇಳಿದೆ, ಎಲ್ಲ. ಅಪಾರ್ಟ್‌ಮೆಂಟಿನ ಗುಂಪಿಗೂ ಹಾಕಿದೆ. ಕೆಲವರು ನನ್ನನ್ನು ಲಿಫ್ಟಿನಲ್ಲಿ ನೋಡಿ ಮುಗುಳ್ನಕ್ಕರು. ನಿಶಾಂತ ಅವರನ್ನು ಮತ್ತೆ ಕರೆಯಲಿಲ್ಲ. ನನಗೆ ಫೋನು ಮಾಡಿ, ಅಮೋಲನ ಮಾತು ಯಾಕೆ ಬರೆದಿರಿ, ನನ್ನ ಧಂದಾ ಹಾಳು ಮಾಡುತ್ತೀರಾ ಎಂದು ಅರ್ಧ ತಾಸು ಜಗಳವಾಡಿದ. ನಾನೂ ಆಡಿದೆ. ಕರಪತ್ರ ಹಾಗೆಯೇ ಇದೆ.

ದೀಪಾಲಿ ಮಾತ್ರ ಫೋನಿನಲ್ಲಿ ಗೋದಾವರಿಬಾಯಿಯ ಸಂಪರ್ಕ ಬಿಟ್ಟಿರಲಿಲ್ಲ. ಜನವರಿಯಲ್ಲಿ ಅವಳೂ ಅವಳ ಆಫೀಸಿನ ಏಳು ಜನ ಹೆಂಗಸರೂ ಕೂಡಿ ಮೋಟುಪಲ್ಲಿಗೆ ಅವರ ಜೊತೆ ಹೋಗಲು ಒಂದು ವ್ಯಾನು ಗೊತ್ತುಮಾಡಿದರು. ಗೋದಾವರಿಬಾಯಿಯ ಷರತ್ತು ಒಂದೇ: ಕಲ್ಲಿನ ಹತ್ತಿರ ಅರ್ಧ ದಿನ, ಯಾರೂ ಕೈಗಡಿಯಾರ ನೋಡಬಾರದು. ನನ್ನನ್ನು ಯಾರೂ ಕರೆಯಲಿಲ್ಲ. ಅಬಿಡ್ಸ್ ಅಂಚೆ ಕಚೇರಿಯ ಎದುರಿಗೆ ಬೆಳಗಿನ ಆರಕ್ಕೆ ದೀಪಾಲಿಯನ್ನು ಬಿಡಲು ಹೋದೆ.

ಗೋದಾವರಿಬಾಯಿ ಮುಂದಿನ ಸೀಟಿನಲ್ಲಿದ್ದರು. ಹಾಡು ಜೋರಾಗಿ ಹಚ್ಚಿದ್ದಕ್ಕೆ ಡ್ರೈವರನಿಗೆ ಹಿಂದಿಯಲ್ಲಿ ಬೈಯುತ್ತಿದ್ದರು. ನಾನು ಕಿಟಕಿಯ ಹತ್ತಿರ ಹೋಗಿ ನಮಸ್ಕಾರ ಮಾಡಿದೆ. ಒಮ್ಮೆ ನೋಡಿದರು, ಗಾಜು ಏರಿಸಿದರು. ಡ್ರೈವರ್ ಹಾಡು ಬಂದ್ ಮಾಡಿ ಗಾಡಿ ಹೊರಡಿಸಿದ.