ಏಡಿ ಸಾರು ಕೊಟ್ಟವಳ ಹೆಸರು

ಬೆಳಕು ಹರಿಯುವ ಮೊದಲು ಪ್ರಾಸಿಂಗ್ ಎಂಬಾಕೆ ಮುಗಿಸಬೇಕಾದ ಕೆಲಸಗಳು ಇಷ್ಟು: ಹಾಸಿಗೆ ಹಿಡಿದ ಅತ್ತೆಯ ಒದ್ದೆ ಬಟ್ಟೆ ಬದಲಿಸಿ, ಬೆನ್ನೊರೆಸಿ, ಮಗ್ಗುಲು ತಿರುಗಿಸುವುದು. ಪಂಪು ಒತ್ತಿ ಎರಡು ಡ್ರಮ್ಮು ನೀರು ತುಂಬುವುದು. ಅಕ್ಕಿ ತೊಳೆದು ಒಲೆಗಿಟ್ಟು, ತೊಳೆದ ನೀರನ್ನು ಮಧ್ಯಾಹ್ನದ ಸಾರಿಗೆ ಎತ್ತಿಡುವುದು. ನಿನ್ನೆಯ ಅನ್ನಕ್ಕೆ ಬೆಳ್ಳುಳ್ಳಿ ಹಾಕಿ ಹುರಿಯುವುದು, ಒಣಮೀನು ಕರಿಯುವುದು, ಗಂಡನ ಪಾಲನ್ನು ಬೆಕ್ಕಿಗೆ ಸಿಗದಂತೆ ಮುಚ್ಚಿಡುವುದು. ಇಷ್ಟರ ನಡುವೆ, ಒಂದು ಕೈಯಲ್ಲಿ ಸೌಟು ಹಿಡಿದು, ಕೇಳುಗರ ಕಾಗದಗಳನ್ನು ಓದಿ ಗುರುತು ಹಾಕಿಕೊಳ್ಳುವುದು. ಐದಕ್ಕೆ ಸರಿಯಾಗಿ ರೇಡಿಯೋ ಮೈಕಿನ ಮುಂದೆ ಇರುವುದು.

ಗಂಡ ವೆನಾನ್ಸ್ಯೊ ಕೂಡ ಬೇಗನೆ ಏಳುತ್ತಿದ್ದ, ತನ್ನ ಕಾಳಗದ ಹುಂಜದ ಕಾಲು ತಿಕ್ಕುವುದಕ್ಕೆ. ಅದಕ್ಕೆ ಬೇಕಾದ ಬಿಸಿನೀರು ಕಾಯಿಸುತ್ತಿದ್ದವಳೂ ಪ್ರಾಸಿಂಗಳೇ.

"ರೇಡಿಯೋದಲ್ಲಿ ಮೇಯರ್‌ಗೆ ನೀರಿಳಿಸ್ತೀಯ, ಮನೇಲಿ ಮೀನಿಗೆ ಉಪ್ಪು ಜಾಸ್ತಿ ಮಾಡ್ತೀಯ," ಎಂದ ಅವತ್ತು.

"ಒಣಮೀನಿಗೆ ಉಪ್ಪು ಹಾಕೋದು ನಾನಲ್ಲ ಕಣೋ, ಸಮುದ್ರ. ಅದರ ಮೇಲೆ ದೂರು ಕೊಡು, ನಾನೇ ಬರ್ಕೊಡ್ತೀನಿ," ಎಂದು ಅವಳು ಚಪ್ಪಲಿ ಮೆಟ್ಟಿ ಹೊರಟಳು.

ಸಾನ್ ತೆಲ್ಮೊದಲ್ಲಿ ಅವಳನ್ನು ಎಲ್ಲರೂ ಕರೆಯುವುದು ಅಟಾರ್ನಿ ಎಂದೇ. ಫಿಲಿಪ್ಪೀನ್ಸಿನ ಸಮರ್ ದ್ವೀಪದ ಈ ಪಟ್ಟಣದ ಕೋರ್ಟಿನಲ್ಲಿ ಹತ್ತೊಂಬತ್ತು ವರ್ಷ ಅವಳು ಬಡವರ ಮೊಕದ್ದಮೆ ನಡೆಸಿದ್ದಳು. ಒಮ್ಮೆ ಐವರು ವಿಧವೆಯರ ಜಮೀನಿನ ಫೈಲು ಮನಿಲಾಕ್ಕೆ ಹೋಗಿ ಹನ್ನೊಂದು ವರ್ಷ ಕೂತಿತು. ತೀರ್ಪು ಬಂದಾಗ ಕೇಳಲು ಒಬ್ಬಳು ಉಳಿದಿದ್ದಳು, ಅವಳಿಗೂ ಕಿವಿ ಮಂದವಾಗಿತ್ತು. ಅದೇ ವರ್ಷ ಊರಿನ ರೇಡಿಯೋದವರು ಜಮೀನಿನ ಕಾನೂನು ಹೇಳಲು ಅರ್ಧ ಗಂಟೆ ಕರೆದರು. ಮರುದಿನ ಮೀನು ಮಾರುವ ಹೆಂಗಸರು ತಮ್ಮ ಪತ್ರಗಳನ್ನು ಬಟ್ಟೆಯಲ್ಲಿ ಸುತ್ತಿಕೊಂಡು ಕಚೇರಿ ಮುಂದೆ ಸಾಲು ನಿಂತರು. ಹತ್ತೊಂಬತ್ತು ವರ್ಷದಲ್ಲಿ ತನ್ನ ಮಾತಿಗೆ ಯಾರಾದರೂ ಎದ್ದು ಬಂದದ್ದನ್ನು ಪ್ರಾಸಿಂಗ್ ಕಂಡದ್ದು ಅದೇ ಮೊದಲು. ಕರಿಕೋಟನ್ನು ಮೊಳೆಗೆ ತೂಗುಹಾಕಿ ರೇಡಿಯೋ ಸೇರಿದಳು.

ಅವಳ ಕಾರ್ಯಕ್ರಮದ ಹೆಸರು 'ಒಲೆ ಹಚ್ಚುವ ಹೊತ್ತು'. ಮೇಯರ್ ಸೇತುವೆಯ ಕಂಬ ನುಂಗಿದ್ದು, ಆಸ್ಪತ್ರೆಯ ಔಷಧ ಮಾಯವಾದದ್ದು ಎಲ್ಲ ಅಲ್ಲಿ ಬರುತ್ತಿತ್ತು. ಆದರೆ ಶುರು ಮಾತ್ರ ಯಾವತ್ತೂ ಒಂದೇ. ಹಿಂದಿನ ದಿನ ತಾನು ಯಾರ ಮನೆಯಲ್ಲಿ ಉಂಡೆನೋ ಆ ಮನೆಯ ಅಡಿಗೆಯವಳ ಹೆಸರು, ಅವಳ ಊರು, ಅವಳು ಮಾಡಿದ ಪದಾರ್ಥ ಹೇಳಿ ವಂದನೆ ಸಲ್ಲಿಸುವುದು. ರೇಡಿಯೋದಲ್ಲಿ ಹೆಸರು ಹೇಳಿ ನಮಸ್ಕಾರ ಕಳಿಸುವುದು ಆ ಸೀಮೆಯ ಎಲ್ಲರ ರೂಢಿ. ಅಲ್ಲಿ ಬರುತ್ತಿದ್ದದ್ದು ಕೌನ್ಸಿಲರುಗಳ ಹೆಸರು, ಪಾದ್ರಿಗಳ ಹೆಸರು. ಬೇಯಿಸಿ ಹಾಕಿದವಳ ಹೆಸರು ಯಾರೂ ಹೇಳುವುದಿಲ್ಲ, ನಾನು ಹೇಳುತ್ತೇನೆ ಎಂಬುದು ಪ್ರಾಸಿಂಗಳ ಹಟ.

ಅವತ್ತೂ ಐದು ಗಂಟೆ ಎರಡು ನಿಮಿಷಕ್ಕೆ ಹೇಳಿದಳು. "ಬಾಕಾವನ್ ಹಳ್ಳಿಯ ಇಸ್ಯಾಂಗಮ್ಮನಿಗೆ ನಮಸ್ಕಾರ. ನಿನ್ನೆ ಸಂಜೆ ತೆಂಗಿನಹಾಲಿನ ಏಡಿ ಸಾರು ಮಾಡಿ ಬಡಿಸಿದಳು. ಆ ಕೈಗೆ ನೋವು ಬಾರದಿರಲಿ."

ಅಂದ ಮೇಲೆ ತಾನು ಏನು ಹೇಳಿಬಿಟ್ಟೆ ಎಂದು ಅವಳಿಗೆ ಹೊಳೆಯಿತು.

ಇಸ್ಯಾಂಗಳ ಮನೆಯಲ್ಲಿ ಲೂಮೆನ್ ಇದ್ದಳು. ಮೇಯರ್‌ನ ತಮ್ಮನ ಮನೆಯ ಬಟ್ಟೆ ಒಗೆಯುತ್ತಿದ್ದವಳು. ಮೀನುಗಾರರ ಮುಖಂಡನ ಕೊಲೆಯಾದ ಮರುದಿನ ಆ ಮನೆಯಿಂದ ಬಂದ ಬಟ್ಟೆಯ ರಾಶಿಯಲ್ಲಿ ರಕ್ತದ ಅಂಗಿಯೊಂದಿತ್ತು. ಎಂಟು ವರ್ಷ ಆ ಮನೆಯ ಎಲ್ಲ ಕಲೆಯನ್ನೂ ತೊಳೆದವಳು ಅದೊಂದನ್ನು ತೊಳೆಯದೆ ಪ್ರಾಸಿಂಗಳಿಗೆ ತಂದು ಕೊಟ್ಟಿದ್ದಳು. ಗುರುವಾರ ಅವಳು ಜಡ್ಜಿನ ಮುಂದೆ ಸಾಕ್ಷಿ ನುಡಿಯಬೇಕು. ಅಲ್ಲಿಯವರೆಗೆ ಅವಳನ್ನು ಇಸ್ಯಾಂಗಳ ಬಳಿ ಅಡಗಿಸಿಟ್ಟ ಪ್ರಾಸಿಂಗ್, ಹಿಂದಿನ ಸಂಜೆ ತಾನೇ ಹೋಗಿ ಅಕ್ಕಿ ಕೊಟ್ಟು ಬಂದಿದ್ದಳು. ಲೂಮೆನ್‌ಳ ಸತ್ತ ಗಂಡನಿಗೆ ಇಸ್ಯಾಂಗ್ ಸೋದರತ್ತೆ ಎಂಬುದು ಪಟ್ಟಣಕ್ಕೆಲ್ಲ ಗೊತ್ತು. ಅಟಾರ್ನಿ ಬಾಕಾವನ್‌ಗೆ ಯಾಕೆ ಹೋಗಿದ್ದಳು ಎಂದು ಲೆಕ್ಕ ಹಾಕಲು ಬುದ್ಧಿವಂತನೇ ಬೇಕಿರಲಿಲ್ಲ.

ಐದೂವರೆಗೆ, ಹಾಡು ಹೋಗುತ್ತಿದ್ದಾಗ, ದೋಣಿಕಟ್ಟೆಯಲ್ಲಿ ಕಾಫಿ ಮಾರುವ ಪಿಲಾರ್ ಫೋನು ಮಾಡಿದಳು.

"ಅಟಾರ್ನಿ, ನಂಬರಿಲ್ಲದ ಬೈಕಲ್ಲಿ ಇಬ್ರು ಬಂದವ್ರೆ. ಇಸ್ಯಾಂಗಮ್ಮನ ಮನೆ ಯಾವುದು ಅಂತ ಕೇಳ್ತಾವ್ರೆ."

"ದೋಣಿ ಹತ್ತಿದ್ರಾ?"

"ಇಲ್ಲ. ದೋಣಿಯವನು ಹಲ್ಲುಜ್ಜುತ್ತಾವ್ನೆ, ನಿಧಾನಕ್ಕೆ ಉಜ್ಜೋ ಅಂತ ಕಣ್ಣು ಮಾಡಿದೀನಿ. ಎಷ್ಟೊತ್ತು ಅಂತ ಉಜ್ತಾನೆ, ಇರೋವೇ ನಾಕು ಹಲ್ಲು." ದನಿ ತಗ್ಗಿಸಿ ಸೇರಿಸಿದಳು, "ನನ್ನ ರೇಡಿಯೋ ಪಕ್ಕಾನೇ ಕೂತವ್ರೆ. ನಿಮ್ಮ ಮಾತೇ ಕೇಳ್ತಾವ್ರೆ."

ದೋಣಿ ಹೊರಟರೆ ಬಾಕಾವನ್ ನಲವತ್ತು ನಿಮಿಷ. ಅಲ್ಲಿ ಫೋನಿಗೆ ಸಿಗ್ನಲ್ ಇಲ್ಲ. ಪೊಲೀಸ್ ಮುಖ್ಯಸ್ಥನ ಮದುವೆಗೆ ಹಿರಿಯನಾಗಿ ನಿಂತವನು ಮೇಯರ್. ಆ ಮನೆಗೆ ತಲುಪುವುದು ಒಂದೇ, ಇಸ್ಯಾಂಗಳ ಒಲೆಯ ಮೇಲಿನ ಮೊಳೆಗೆ ನೇತುಬಿದ್ದ ರೇಡಿಯೋ. ಓಡು ಲೂಮೆನ್ ಎಂದರೆ ದೋಣಿಕಟ್ಟೆಯ ಇಬ್ಬರಿಗೂ ಕೇಳುತ್ತದೆ, ಅನುಮಾನ ಖಾತ್ರಿಯಾಗುತ್ತದೆ. ಸುಮ್ಮನಿದ್ದರೆ ಏಳು ಗಂಟೆಯೊಳಗೆ ಎಲ್ಲ ಮುಗಿಯುತ್ತದೆ.

ಗಾಜಿನಾಚೆ ಕೂತಿದ್ದ ಯಂತ್ರದ ತೆಮ್ಯೊ, ಅರವತ್ತರ ಮನುಷ್ಯ, ಅವಳ ಮುಖ ನೋಡಿ ಎದ್ದು ಬಂದ. ಗೇಟು ತೆರೆದಿಟ್ಟು ಹಿಂಬಾಗಿಲಿಂದ ಮನೆಗೆ ಹೋಗು ಎಂದಳು. ಯಂತ್ರ ಯಾರು ನೋಡಿಕೊಳ್ಳುತ್ತಾರೆ ಎಂದು ಅವನು ತಕರಾರು ತೆಗೆದ.

"ನಾಲ್ಕು ಒಲೆ ಒಟ್ಟಿಗೆ ನೋಡ್ಕೊಂಡಿದೀನಿ ತೆಮ್ಯೊಣ್ಣ. ಹೋಗು."

ಅವನು ಹೋದ. ಹಾಡು ಮುಗಿಯಲು ಒಂದು ನಿಮಿಷವಿತ್ತು. ಪ್ರಾಸಿಂಗ್ ಗಂಡನಿಗೆ ಸಂದೇಶ ಬರೆದಳು: ಎಂಟಕ್ಕೆ ಅಮ್ಮನ ಮಗ್ಗುಲು ತಿರುಗಿಸು, ಎಡಕ್ಕೆ. ಒದ್ದೆ ಬಟ್ಟೆ ಬಕೆಟ್ಟಿನಲ್ಲಿದೆ. ಬೇಯಿಸಿದ ಅನ್ನ ಮಧ್ಯಾಹ್ನಕ್ಕೂ ಆಗುತ್ತದೆ. ಹುಂಜದ ಮುಂದೆ ಕೂತವನಿಗೆ ಫೋನು ಕೇಳಿಸುವುದಿಲ್ಲ. ಅತ್ತೆಯ ಬೆನ್ನಿನ ಹುಣ್ಣು ಈಗಷ್ಟೇ ಮಾಗುತ್ತಿತ್ತು.

ಖಾಲಿ ಕುರ್ಚಿಯೊಂದನ್ನು ತನ್ನ ಪಕ್ಕಕ್ಕೆ ಎಳೆದುಕೊಂಡಳು. ಫ್ಲಾಸ್ಕಿನಿಂದ ಎರಡು ಬಟ್ಟಲಿಗೆ ಕಾಫಿ ಬಗ್ಗಿಸಿ, ಒಂದನ್ನು ಆ ಕುರ್ಚಿಯ ಮುಂದಿಟ್ಟಳು. ಲೂಮೆನ್ ತನ್ನ ಜೊತೆ ಇಲ್ಲವೆಂದು ಲೂಮೆನ್‌ಗೂ ಇಸ್ಯಾಂಗಳಿಗೂ ಗೊತ್ತು, ಇದ್ದಾಳೆ ಎಂಬ ಸುಳ್ಳು ಕೇಳಿದರೆ ಅಪಾಯ ಅವರಿಗೆ ತಿಳಿಯುತ್ತದೆ. ದೋಣಿಕಟ್ಟೆಯಲ್ಲಿ ಕೂತವರಿಗೆ ಗೊತ್ತಿಲ್ಲ, ಅವರು ಬಾಕಾವನ್ ಬಿಟ್ಟು ಇಲ್ಲಿಗೇ ಬರುತ್ತಾರೆ. ಅವಳ ಕೈಯಲ್ಲಿ ಇದ್ದದ್ದು ಅಷ್ಟೇ.

ಹಾಡು ಮುಗಿಯಿತು. ಅವಳು ಮೈಕಿನ ಗುಂಡಿ ಒತ್ತಿದಳು.

"ಇಸ್ಯಾಂಗಮ್ಮನ ಸಾರು ಉಂಡು ನಾನು ಒಬ್ಬಳೇ ಬರಲಿಲ್ಲ ಕೇಳುಗರೇ. ಆ ಮನೇಲಿದ್ದ ಲೂಮೆನ್‌ಳನ್ನ ದೋಣೀಲಿ ನನ್ನ ಜೊತೆಗೇ ಕರ್ಕೊಂಡು ಬಂದೆ. ಈಗ ಇಲ್ಲೇ ನನ್ನ ಪಕ್ಕ ಕೂತಿದಾಳೆ. ಅವಳು ಕಂಡದ್ದನ್ನೆಲ್ಲ ಏಳು ಗಂಟೆಗೆ ಈ ಮೈಕಲ್ಲೇ ಹೇಳ್ತಾಳೆ. ಕಾಫಿ ಕುಡಿಯೇ ಲೂಮೆನ್, ಆರಿಹೋಗುತ್ತೆ."

ಖಾಲಿ ಕುರ್ಚಿಯ ಮುಂದಿನ ಬಟ್ಟಲಿಗೆ ಚಮಚ ಹಾಕಿ, ಮೈಕಿಗೆ ಕೇಳುವಂತೆ, ಅವಳು ನಿಧಾನವಾಗಿ ಕದಡತೊಡಗಿದಳು.